ಬನ್ಸಿ ಚಂದ್ರಗುಪ್ತರ ಆಹಾರ್ಯಕಲೆ

ಅಭಿನಯವು ಆಂಗಿಕ, ವಾಚಿಕ, ಆಹಾರ್ಯ, ಸಾತ್ತ್ವಿಕವೆಂದು ನಾಲ್ಕು ಬಗೆಯಾದುದೆಂದು ಭರತಮುನಿಯು ಹೇಳಿರುವನಷ್ಟೆ. ಈ ನಾಲ್ಕರಲ್ಲಿ ಸಾತ್ತ್ವಿಕಕ್ಕೆ ದೊರೆತ ಮನ್ನಣೆ ಆಹಾರ್ಯಕ್ಕೆ ದೊರೆತಿಲ್ಲ. ಆಹಾರ್ಯವೆಂಬ ಮಾತಿಗೆ ಹೊರಗಿನಿಂದ ತರತಕ್ಕದ್ದೆಂದೇ ಅರ್ಥ; ವೇಷ, ಭೂಷಣ, ಬಣ್ಣ, ರಂಗದ ಮೇಲೆ ನಿಲ್ಲಿಸುವ ಬೆಟ್ಟ, ರಥ, ವಿಮಾನ ಇವೆಲ್ಲ ಅದರೊಳಗೆ ಬರುತ್ತವೆ. ರಸವು ನಟನ ಒಳಗಿನಿಂದ ಹೊಮ್ಮಬೇಕೇ ಹೊರತು ಹೊತ್ತು ತಂದ ಸಾಮಗ್ರಿಯಿಂದಲ್ಲವೆಂದು ಬಗೆಯುವ ವಿಮರ್ಶಕರು ಈ ವಿಷಯವನ್ನು ನೇಪಥ್ಯದವರ ಪಾಲಿಗೆ ಬಿಟ್ಟು ಮುಂದೆ ಸಾಗುವುದು ವಾಡಿಕೆ. ಭರತನಾದರೋ ಹಾಗೆ ಮಾಡಲಿಲ್ಲ. ಆಹಾರ್ಯಕ್ಕೆಂದು ಒಂದು ಅಧ್ಯಾಯವನ್ನೇ ಮೀಸಲಿಟ್ಟು, ಅದರ ನಾಲ್ಕು ವಿಭಾಗಗಳಲ್ಲಿ ಕೃತಕ ವಸ್ತುಗಳ ನಿರ್ಮಾಣವಾದ ಪುಸ್ತವನ್ನು ಮೊದಲು ಎಣಿಸಿದ್ದಾನೆ.

ನಾಟಕಕ್ಕೆ ಆಹಾರ್ಯದ ಹಂಗು ಕಡಿಮೆಯೆಂಬುದು ನಿಜ. ಬಯಲಾಟದಲ್ಲಿ ಭಾಗವತನು ಪದವನ್ನೆತ್ತಿದೊಡನೆ ಬರಿಯ ನೆಲವೇ ದೇವೇಂದ್ರನ ಒಡ್ಡೋಲಗವಾಗುತ್ತದೆ. ಮುಂದಿನ ಪದಕ್ಕೆ ಅದೇ ನೆಲ ಕಾಡಾಗುತ್ತದೆ. ವೃತ್ತಿನಾಟಕ ಮಂಡಲಿಗಳ ಕಾಲಕ್ಕೆ ಬಣ್ಣದ ಪರದೆಗಳು ಬಂದವು. ದರ್ಬಾರಿನದೊಂದು, ಬೀದಿಯದೊಂದು, ಅರಣ್ಯದ್ದೊಂದು ಪರದೆಯಿದ್ದರೆ ಸಾಕು, ಮಂಡಲಿಯು ಊರೂರು ತಿರುಗಿ ಬಹುಮಟ್ಟಿಗೆ ಯಾವ ನಾಟಕವನ್ನಾದರೂ ಆಡಬಹುದಾಗಿತ್ತು. ಗುಬ್ಬಿ ವೀರಣ್ಣನವರ ಮಂಡಲಿಯು ಕುರುಕ್ಷೇತ್ರ ನಾಟಕದಲ್ಲಿ ನಿಜವಾದ ಆನೆ ಕುದುರೆಗಳನ್ನೇ ರಂಗಕ್ಕೆ ತಂದಾಗ, ಹಿಂದಿನ ಪರದೆ ಬಣ್ಣದ್ದಲ್ಲವೇ ಎಂದು ಆಕ್ಷೇಪಿಸಿದವರು ಇರಲಾರರು. ನಟನಿಗೂ ಪ್ರೇಕ್ಷಕನಿಗೂ ನಡುವೆ ಒಂದು ಒಪ್ಪಂದವಿತ್ತು. ದೂರದಲ್ಲಿ ಕುಳಿತವನು ಆ ಒಪ್ಪಂದವನ್ನು ಸಂತೋಷದಿಂದ ಪಾಲಿಸುತ್ತಿದ್ದನು.

ಚಲಚ್ಚಿತ್ರಕ್ಕೆ ಈ ಸೌಕರ್ಯವಿಲ್ಲ. ಕ್ಯಾಮರಾ ಎಂಬ ಯಂತ್ರವು ನಟಿಯ ಮುಖವನ್ನು ಎಷ್ಟು ಹತ್ತಿರದಿಂದ ನೋಡುವುದೋ ಅವಳ ಹಿಂದಿನ ಗೋಡೆಯನ್ನೂ ಅಷ್ಟೇ ಹತ್ತಿರದಿಂದ ನೋಡುತ್ತದೆ. ಗೋಡೆ ಸುಳ್ಳಾದರೆ ಅದರ ಮುಂದೆ ಸುರಿಸಿದ ಕಣ್ಣೀರೂ ಸುಳ್ಳೆನಿಸುತ್ತದೆ. ಆದರೂ ಭಾರತದ ಸ್ಟುಡಿಯೋಗಳು ಬಹುಕಾಲ ನಾಟಕದ ಪರದೆಯನ್ನೇ ತುಸು ಗಟ್ಟಿಮಾಡಿಕೊಂಡು ಕಾಲಕಳೆದವು. ಚೌಕಟ್ಟಿಗೆ ಬಿಗಿದ ಬಟ್ಟೆಯೇ ಗೋಡೆ. ಅದರ ಮೇಲೆ ಬಳಿದ ಬಣ್ಣವೇ ಇಟ್ಟಿಗೆ. ಬಡವನ ಗುಡಿಸಲೂ ಜಮೀನ್ದಾರನ ಮನೆಯೂ ಅಂದೇ ಬೆಳಗ್ಗೆ ಗೃಹಪ್ರವೇಶವಾದಂತೆ ಹೊಚ್ಚಹೊಸದಾಗಿ ಹೊಳೆಯುತ್ತಿದ್ದವು. ಈ ಹೊಸತನದ ಹೊಳಪನ್ನು ಅಳಿಸುವುದಕ್ಕಾಗಿ ತನ್ನ ಆಯುಷ್ಯವನ್ನು ಸವೆಸಿದವರು ಬನ್ಸಿ ಚಂದ್ರಗುಪ್ತರು. ಅವರ ಕೃತಿಯಲ್ಲಿ ಮೆಚ್ಚತಕ್ಕ ಅಂಶಗಳು ಹಲವಿದ್ದರೂ ತಿರುಳೊಂದೇ: ನಿನ್ನೆ ಕಟ್ಟಿದ ಗೋಡೆಗೆ ಐವತ್ತು ವರ್ಷದ ವಯಸ್ಸನ್ನು ತರುವುದು, ಮತ್ತು ಆ ಐವತ್ತು ವರ್ಷವನ್ನು ಅಲ್ಲಿ ಯಾರು ಹೇಗೆ ಬಾಳಿದರೆಂಬುದು ನೋಡುವವನಿಗೆ ಹೇಳದೆಯೇ ತಿಳಿಯುವಂತೆ ಮಾಡುವುದು.

ಚಂದ್ರಗುಪ್ತರು ಹುಟ್ಟಿದುದು ೧೯೨೪ರಲ್ಲಿ, ಪಂಜಾಬಿನ ಸಿಯಾಲಕೋಟೆಯಲ್ಲಿ, ಬೆಳೆದುದು ಕಾಶ್ಮೀರದಲ್ಲಿ. ಚಿತ್ರಕಾರನಾಗಬೇಕೆಂಬುದು ಅವರ ಮೊದಲ ಹಂಬಲ. ಕಾಶ್ಮೀರಕ್ಕೆ ಬಂದಿದ್ದ ಬಂಗಾಳದ ಕಲಾವಿದ ಶುಭೋ ಠಾಕೂರರ ಪರಿಚಯವಾಗಿ, ಅವರ ಪ್ರೋತ್ಸಾಹದಿಂದ ಈ ತರುಣರು ೧೯೪೦ರ ದಶಕದಲ್ಲಿ ಕಲಕತ್ತೆಯನ್ನು ಸೇರಿದರು. ಅಲ್ಲಿ ಹೊಟ್ಟೆಪಾಡು ಅವರನ್ನು ಸ್ಟುಡಿಯೋಗಳ ಕಲಾವಿಭಾಗಕ್ಕೆ ಎಳೆಯಿತು. ಅಲ್ಲಿನ ಬಟ್ಟೆಯ ಗೋಡೆಗಳು ಅವರಿಗೆ ರುಚಿಸಲಿಲ್ಲವೆಂಬುದಕ್ಕೆ ಅವರ ಮುಂದಿನ ಕೆಲಸವೇ ಸಾಕ್ಷಿ. ೧೯೪೭ರಲ್ಲಿ ಸತ್ಯಜಿತ ರಾಯರೂ ಚಿದಾನಂದ ದಾಸಗುಪ್ತರೂ ಕಲಕತ್ತಾ ಫಿಲ್ಮ್ ಸೊಸೈಟಿಯನ್ನು ಸ್ಥಾಪಿಸಿದಾಗ ಚಂದ್ರಗುಪ್ತರೂ ಅವರ ಜೊತೆಗಿದ್ದರು. ಹೊರದೇಶಗಳ ಉತ್ತಮ ಚಿತ್ರಗಳನ್ನು ನೋಡುವುದು, ನೋಡಿ ಜಗಳವಾಡುವುದು, ಇದೇ ಆ ಸಂಘದ ಮುಖ್ಯ ಕಾರ್ಯಕ್ರಮ. ಒಂದೇ ಒಂದು ಚಿತ್ರವನ್ನೂ ತೆಗೆಯದೆ ಇಷ್ಟೊಂದು ಚಿತ್ರಗಳನ್ನು ದೇಶಕ್ಕೆ ಕೊಟ್ಟ ಹರಟೆಯ ಕೂಟ ಬೇರೊಂದಿಲ್ಲ.

ಆ ಹೊತ್ತಿಗೆ ಸರಿಯಾಗಿ ಫ್ರೆಂಚ್ ನಿರ್ದೇಶಕ ಝಾನ್ ರೆನ್ವಾರವರು ‘ದಿ ರಿವರ್’ ಚಿತ್ರಕ್ಕಾಗಿ ಕಲಕತ್ತೆಗೆ ಬಂದರು. ೧೯೫೧ರಲ್ಲಿ ಹೊರಬಂದ ಆ ಚಿತ್ರವು ಹೂಗ್ಲಿಯ ದಂಡೆಯಲ್ಲಿ ತಯಾರಾಯಿತು. ಅದರ ದೃಶ್ಯರಚನೆಯ ಹೊಣೆ ಯೂಜೀನ್ ಲೂರಿಯೆ ಎಂಬವರದು. ರೆನ್ವಾರ ೧೯೩೭ರ ‘ಲಾ ಗ್ರಾಂದ್ ಇಲ್ಯೂಸಿಯೋಂ’, ೧೯೩೯ರ ‘ಲಾ ರೇಗ್ಲ್ ದು ಜು’ ಚಿತ್ರಗಳಿಗೆ ಕೆಲಸಮಾಡಿದ್ದ ಪಳಗಿದ ಕೈ ಅವರದು. ಚಂದ್ರಗುಪ್ತರು ಅವರ ಕೈಕೆಳಗೆ ಕೆಲಸಕ್ಕೆ ನಿಂತರು. ರಾಯರು ಬಿಡುವಾದಾಗಲೆಲ್ಲ ಚಿತ್ರೀಕರಣವನ್ನು ನೋಡಲು ಬರುತ್ತಿದ್ದರು. ಮುಂದೆ ರಾಯರ ಛಾಯಾಗ್ರಾಹಕರಾದ ಸುಬ್ರತ ಮಿತ್ರರೂ ಅಲ್ಲಿ ಬಂದು ನಿಂತು ನೋಡಿ ಕಲಿತವರೇ. ಮೂವರು ತರುಣರು, ಮೂರು ವಿದ್ಯೆ, ಗುರುಕುಲ ಒಂದೇ. ಇದ್ದ ಸ್ಥಳವನ್ನು ಬೇಕಾದ ಸ್ಥಳವನ್ನಾಗಿ ಮಾರ್ಪಡಿಸುವುದು, ಮಾರ್ಪಡಿಸಿದ ಗುರುತು ಉಳಿಯದಂತೆ ಮಾಡುವುದು, ಲೂರಿಯೆಯವರ ಬಳಿ ಚಂದ್ರಗುಪ್ತರು ಕಲಿತ ಪಾಠ ಇಂಥದೆಂದು ಅವರ ಮುಂದಿನ ಕೃತಿಗಳಿಂದ ಊಹಿಸಬಹುದು.

೧೯೫೫ರ ‘ಪಥೇರ್ ಪಾಂಚಾಲಿ’ಯಲ್ಲಿ ಈ ಪಾಠದ ಪ್ರಯೋಗ ಕಾಣುತ್ತದೆ. ಕಲಕತ್ತೆಯ ಬಳಿಯ ಬೋರಾಲ್ ಎಂಬ ಹಳ್ಳಿಯ ಪಾಳುಮನೆಯೊಂದು ಹರಿಹರನ ಮನೆಯಾಯಿತು. ಮನೆ ಮೊದಲೇ ಪಾಳಾಗಿತ್ತು, ಕಲಾನಿರ್ದೇಶಕನಿಗೆ ಅಲ್ಲೇನು ಕೆಲಸವೆಂದು ಕೇಳುವವರುಂಟು. ಪಾಳುಮನೆಯಲ್ಲಿ ಯಾರೂ ವಾಸಿಸುವುದಿಲ್ಲ. ಹರಿಹರನ ಮನೆಯಲ್ಲಾದರೋ ಸರ್ವಜಯೆ ದಿನವೂ ಒಲೆ ಹಚ್ಚುತ್ತಾಳೆ. ಪಾಳಾದ ಮನೆಗೂ ಪಾಳಾಗುತ್ತಿರುವ ಮನೆಗೂ ಇರುವ ಅಂತರವೇ ಆ ಕಾದಂಬರಿಯ ಕರುಣರಸದ ನೆಲೆ. ದಿನವೂ ಕಾಲು ತುಳಿದು ನುಣುಪಾದ ಅಂಗಳ, ಕೈ ತಗಲುವೆಡೆಯಲ್ಲಿ ಮಾತ್ರ ಸವೆದ ಬಾಗಿಲು, ರಿಪೇರಿಯಾಗದೆ ಉಳಿದ ಬೇಲಿ ಇವೆಲ್ಲವೂ ಮನೆಯೊಡತಿಯ ದುಡಿಮೆಯನ್ನೂ ಮನೆಯೊಡೆಯನ ಅಸಹಾಯಕತೆಯನ್ನೂ ಒಟ್ಟಿಗೆ ಸಾರುತ್ತವೆ. ದುರ್ಗೆ ಸಾಯುವ ಬಿರುಗಾಳಿಯ ರಾತ್ರಿಯನ್ನು ಸ್ಟುಡಿಯೋದೊಳಗೆ ಚಿತ್ರಿಸಲಾಯಿತು. ಹಗಲು ಬೋರಾಲಿನ ನಿಜವಾದ ಗೋಡೆ, ರಾತ್ರಿ ಕಲಕತ್ತೆಯ ಕಟ್ಟಿದ ಗೋಡೆ. ಇವೆರಡರ ನಡುವಿನ ಹೊಲಿಗೆಯನ್ನು ಹುಡುಕಹೊರಟವನು ಸೋತು, ತಾಯಿಯ ಕಣ್ಣಿನ ಭಯವನ್ನೇ ನೋಡುತ್ತ ಕೂರಬೇಕಾಗುತ್ತದೆ.

ಮರುವರ್ಷದ ‘ಅಪರಾಜಿತೊ’ ಇದಕ್ಕಿಂತ ಕಠಿನವಾದ ಪರೀಕ್ಷೆ. ಹರಿಹರನ ಸಂಸಾರ ಈಗ ಕಾಶಿಯಲ್ಲಿದೆ. ಕಾಶಿಯ ಹಳೆಯ ಮನೆಗಳ ರೀತಿ ಎಲ್ಲರಿಗೂ ತಿಳಿದದ್ದೇ: ನಾಲ್ಕೂ ಕಡೆ ಕೋಣೆ, ನಡುವೆ ತೆರೆದ ಅಂಗಳ, ಕೆಳಗೆ ಬಡಸಂಸಾರ, ಮೆಟ್ಟಿಲ ಮೇಲೆ ಬೇರೊಬ್ಬ ಬಾಡಿಗೆದಾರ. ಅಂಗಳದೊಳಕ್ಕೆ ಬಿಸಿಲು ನೇರವಾಗಿ ಬೀಳದು. ಮೇಲಿನ ಆಕಾಶದ ತುಂಡಿನಿಂದ ನೆರಳಿಲ್ಲದ ಮಂದಬೆಳಕು ಇಳಿಯುತ್ತದೆ. ಇಂಥ ಮನೆಯನ್ನು ಚಂದ್ರಗುಪ್ತರು ಕಲಕತ್ತೆಯ ಸ್ಟುಡಿಯೋದಲ್ಲಿ ಕಟ್ಟಿದರು. ಆಗ ಸುಬ್ರತ ಮಿತ್ರರು ತಕರಾರು ತೆಗೆದರು. ಗೋಡೆಯನ್ನು ಎಷ್ಟೇ ಚೆನ್ನಾಗಿ ಕಟ್ಟಿದರೂ ಸ್ಟುಡಿಯೋದ ದೀಪಗಳು ಹತ್ತು ಕಡೆ ಹತ್ತು ನೆರಳು ಚೆಲ್ಲಿ ಗುಟ್ಟನ್ನು ಬಯಲುಮಾಡುವುವೆಂಬುದು ಅವರ ವಾದ. ರಾಯರೂ ಚಂದ್ರಗುಪ್ತರೂ ಒಪ್ಪಲಿಲ್ಲ. ಕೊನೆಗೆ ಮಿತ್ರರೇ ಒಂದು ಉಪಾಯವನ್ನು ಕಂಡುಹಿಡಿದರು: ಅಂಗಳದ ನೆತ್ತಿಗೆ ಆಕಾಶದ ಬದಲಾಗಿ ಬಿಳಿಯ ಬಟ್ಟೆಯನ್ನು ಬಿಗಿದು, ದೀಪಗಳನ್ನು ಕೆಳಗಿನಿಂದ ಅದರ ಕಡೆಗೆ ತಿರುಗಿಸಿದರು. ಬಟ್ಟೆಗೆ ತಾಗಿ ಮರಳಿ ಇಳಿದ ಬೆಳಕು ಕಾಶಿಯ ಬೆಳಕೇ ಆಯಿತು. ಆ ಅಂಗಳವನ್ನು ಕಾಶಿಯಲ್ಲಿಯೇ ಚಿತ್ರಿಸಿದ್ದೆಂದು ಬಲ್ಲವರೂ ನಂಬುವಂತಾಯಿತು.

ಈ ಪ್ರಸಂಗವನ್ನು ಛಾಯಾಗ್ರಹಣದ ಚರಿತ್ರೆಯಲ್ಲಿ ಮಿತ್ರರ ಹೆಸರಿಗೆ ಬರೆಯುವುದು ರೂಢಿಯಾಗಿದೆ; ಅದು ನ್ಯಾಯವೇ. ಆದರೆ ಮಿತ್ರರನ್ನು ಆ ಸಂಕಟಕ್ಕೆ ತಳ್ಳಿದ ವಸ್ತು ಯಾವುದೆಂದು ಕೇಳಿದವರು ಕಡಿಮೆ. ಬಟ್ಟೆಯ ಗೋಡೆಯಾಗಿದ್ದರೆ ಅದಕ್ಕೆ ಹತ್ತು ನೆರಳೂ ಒಂದೇ, ಇಪ್ಪತ್ತೂ ಒಂದೇ. ಗೋಡೆ ನಿಜವೆನಿಸುವಷ್ಟು ಚೆನ್ನಾಗಿದ್ದುದರಿಂದಲೇ ಸುಳ್ಳು ಬೆಳಕು ಅದರ ಮೇಲೆ ನಿಲ್ಲದಾಯಿತು. ಒಬ್ಬನ ಪರಿಪೂರ್ಣತೆ ಮತ್ತೊಬ್ಬನಿಗೆ ಕಷ್ಟವನ್ನೊಡ್ಡಿ ಅವನಿಂದ ಹೊಸ ವಿದ್ಯೆಯನ್ನು ಹೊರಡಿಸಿತು. ಚಲಚ್ಚಿತ್ರದಂತಹ ಕೂಡುಕಲೆಯಲ್ಲಿ ಯಾರ ಋಣ ಯಾರ ಮೇಲೆಷ್ಟೆಂದು ತಕ್ಕಡಿ ಹಿಡಿಯುವುದು ಸುಲಭವಲ್ಲ. ತಕ್ಕಡಿಯ ಒಂದು ತಟ್ಟೆಯನ್ನು ಬರಿದಾಗಿಯೇ ಬಿಡುವುದು ಮಾತ್ರ ಸರಿಯಲ್ಲ.

‘ಜಲಸಾಘರ್’ (೧೯೫೮) ಬೇರೆ ತರದ್ದು. ತಾರಾಶಂಕರ ಬಂದ್ಯೋಪಾಧ್ಯಾಯರ ಕಥೆಗೆ ತಕ್ಕ ಅರಮನೆಯನ್ನು ಹುಡುಕಿ ಹುಡುಕಿ ಬೇಸತ್ತ ರಾಯರಿಗೆ, ಚಹದಂಗಡಿಯೊಂದರಲ್ಲಿ ಸಿಕ್ಕಿದ ಮುದುಕನೊಬ್ಬನು ಪದ್ಮಾನದಿಯ ದಂಡೆಯ ನಿಮ್ತಿತಾ ಅರಮನೆಯ ಸುದ್ದಿ ಹೇಳಿದನು. ಕಥೆಗಾರನ ಮನಸ್ಸಿನಲ್ಲಿದ್ದ ಜಮೀನ್ದಾರನೂ ಆ ಅರಮನೆಯವನೇ ಎಂಬುದು ಆಮೇಲೆ ತಿಳಿದುಬಂತು. ಹೊರಗಿನ ಕಂಬಸಾಲು, ಮುಂದಿನ ಬಯಲು, ನದಿ ಎಲ್ಲವೂ ಸಿಕ್ಕಿದವು. ಚಿತ್ರದ ಜೀವಾಳವಾದ ಸಂಗೀತಶಾಲೆ ಮಾತ್ರ ಅಲ್ಲಿದ್ದುದು ಸಾಲದಾಯಿತು. ಅದನ್ನು ಚಂದ್ರಗುಪ್ತರು ಕಲಕತ್ತೆಯಲ್ಲಿ ಕಟ್ಟಿದರು. ತೂಗುದೀಪದ ದೊಡ್ಡ ಗೊಂಚಲು, ಪೂರ್ವಜರ ಪಟಗಳ ಸಾಲು, ಆಳೆತ್ತರದ ಕನ್ನಡಿ, ಇವುಗಳ ನಡುವೆ ಛಬಿ ಬಿಸ್ವಾಸರ ಬಿಶ್ವಂಭರನು ಕುಳಿತರೆ, ಶಾಲೆಗೆ ಅವನು ಒಡೆಯನೋ ಅವನಿಗೆ ಶಾಲೆ ಒಡೆಯನೋ ತಿಳಿಯದಂತಾಗುತ್ತದೆ. ಬಹುಕಾಲ ಮುಚ್ಚಿದ್ದ ಬಾಗಿಲನ್ನು ತೆರೆಸಿ ಧೂಳು ಹಿಡಿದ ಕನ್ನಡಿಯಲ್ಲಿ ಅವನು ತನ್ನ ಮುಖವನ್ನು ನೋಡಿಕೊಳ್ಳುವ ಸನ್ನಿವೇಶದಲ್ಲಿ ಮಾತಿಲ್ಲ. ಮಾತಿನ ಕೆಲಸವನ್ನು ಧೂಳೇ ಮಾಡಿದೆ.

ಆದರೆ ಈ ಚಿತ್ರದಲ್ಲಿಯೇ ಆಹಾರ್ಯವು ತನ್ನ ಮೇರೆಯನ್ನು ಮೀರಿದ ಕಡೆಯೂ ಉಂಟು. ಬಿಶ್ವಂಭರನ ಪಟದ ಮೇಲೆ ಜೇಡವೊಂದು ಹರಿದಾಡುತ್ತದೆ. ವಂಶವು ಅಳಿಯುತ್ತಿದೆಯೆಂಬುದನ್ನು ಮಾಸಿದ ಗೋಡೆಗಳೂ ಮಂಕಾದ ಗಾಜುಗಳೂ ಅದಕ್ಕೆ ಮುಂಚೆಯೇ ಸಾಕಷ್ಟು ಹೇಳಿವೆ. ಜೇಡವು ಬಂದು ಅದನ್ನೇ ಗಟ್ಟಿಯಾಗಿ ಓದಿ ಹೇಳುತ್ತದೆ. ಧ್ವನಿಯಿಂದ ತಿಳಿದುದನ್ನು ವಾಚ್ಯಮಾಡಿದಾಗ ಕಾವ್ಯದಲ್ಲಿ ಆಗುವ ಹಾನಿಯೇ ಇಲ್ಲಿಯೂ ಆಗಿದೆ. ಇದು ನಿರ್ದೇಶಕನ ದೋಷವೇ ಹೊರತು ಕಲಾನಿರ್ದೇಶಕನದಲ್ಲವೆಂದು ವಾದಿಸಬಹುದು. ಗುಣದಲ್ಲಿ ಪಾಲು ಬೇಡುವವರು ದೋಷದಲ್ಲಿಯೂ ಪಾಲನ್ನು ಒಪ್ಪಿಕೊಳ್ಳಬೇಕಷ್ಟೆ.

ಜೇಡಕ್ಕೆ ಉತ್ತರವಾಗಿ ‘ಅಪುರ್ ಸಂಸಾರ್’ (೧೯೫೯) ಚಿತ್ರದ ಕಿಟಕಿಪರದೆಯನ್ನು ಮುಂದಿಡಬಹುದು. ಕಲಕತ್ತೆಯ ರೈಲುಹಳಿಗಳ ಪಕ್ಕದ ಮಾಳಿಗೆಯ ಮೇಲಣ ಒಂಟಿಕೋಣೆ ಅಪುವಿನ ಬಿಡಾರ. ಆಕಸ್ಮಿಕವಾಗಿ ಮದುವೆಯಾದ ಅಪರ್ಣೆಯನ್ನು ಅವನು ಅಲ್ಲಿಗೆ ಕರೆತರುತ್ತಾನೆ. ಸಿರಿವಂತರ ಮನೆಯ ಹುಡುಗಿ ಕಿಟಕಿಯ ಬಳಿ ನಿಂತು ಅಳುತ್ತಾಳೆ; ಕಿಟಕಿಗೆ ತೂಗಿರುವ ಪರದೆ ಹರಿದದ್ದು. ಆ ಹರುಕಿನ ತೂತಿನಿಂದಲೇ ಕೆಳಗಿನ ತಾಯಿ ಮಗು ಅವಳ ಕಣ್ಣಿಗೆ ಬೀಳುತ್ತಾರೆ, ಅಳು ನಿಲ್ಲುತ್ತದೆ. ಕೆಲದಿನಗಳ ಮೇಲೆ ಅದೇ ಕಿಟಕಿಗೆ ಹೊಸ ಪರದೆ ಬಂದಿದೆ, ಹತ್ತಿರ ಒಂದು ಕುಂಡದ ಗಿಡವಿದೆ. ಅಪುವಿನ ಸಿಗರೇಟು ಪೆಟ್ಟಿಗೆಯೊಳಗೆ ಊಟವಾದಮೇಲೆ ಒಂದೇ ಎಂಬ ಅವಳ ಕಟ್ಟಳೆಯ ಚೀಟಿಯಿದೆ. ದಂಪತಿಗಳ ನಡುವೆ ಪ್ರೇಮ ಬೆಳೆದ ಬಗೆಯನ್ನು ಕಾದಂಬರಿಕಾರನು ಒಂದು ಅಧ್ಯಾಯದಲ್ಲಿ ವರ್ಣಿಸಬೇಕಾದಲ್ಲಿ ಇಲ್ಲಿ ಒಂದು ಗಜ ಬಟ್ಟೆ ಸಾಕಾಗಿದೆ. ಕ್ಷೇಮೇಂದ್ರನು ಔಚಿತ್ಯವೆಂದುದು ಇದನ್ನೇ. ವಸ್ತುವು ಇರಬೇಕಾದಲ್ಲಿದೆ, ಇರುವುದರ ಹೊರತು ಬೇರೇನನ್ನೂ ಅದು ಸಾರುತ್ತಿಲ್ಲ, ಆದರೂ ಎಲ್ಲವೂ ತಿಳಿಯುತ್ತದೆ.

ಎರಡು ಮನೆಗಳನ್ನು ಅಕ್ಕಪಕ್ಕದಲ್ಲಿಟ್ಟು ನೋಡಿದರೆ ಚಂದ್ರಗುಪ್ತರ ಪ್ರತಿಭೆಯ ವಿಸ್ತಾರ ತಿಳಿಯುತ್ತದೆ. ‘ಮಹಾನಗರ್’ (೧೯೬೩) ಚಿತ್ರದಲ್ಲಿ ಕಲಕತ್ತೆಯ ಮಧ್ಯಮವರ್ಗದ ಒಂದು ಸಂಸಾರ: ಗಂಡ, ಹೆಂಡತಿ, ಮಗು, ಅತ್ತೆ, ಮಾವ, ನಾದಿನಿ. ಕೋಣೆಗಳು ಎಷ್ಟು ಇಕ್ಕಟ್ಟೆಂದರೆ ಒಬ್ಬರ ಮೌನವೂ ಇನ್ನೊಬ್ಬರಿಗೆ ಕೇಳಿಸುತ್ತದೆ. ಸೊಸೆ ಕೆಲಸಕ್ಕೆ ಹೊರಟ ದಿನ ಮಾವನು ಮುಖ ತಿರುಗಿಸಿಕೊಳ್ಳಬೇಕೆಂದರೂ ತಿರುಗಿಸಲು ಆ ಮನೆಯಲ್ಲಿ ಬೇರೆ ದಿಕ್ಕಿಲ್ಲ. ಸ್ಟುಡಿಯೋದಲ್ಲಿ ಕಟ್ಟುವವನಿಗೆ ಕೋಣೆಯನ್ನು ದೊಡ್ಡದು ಮಾಡುವುದು ಸುಲಭ, ಕ್ಯಾಮರಾದವನಿಗೂ ಅದೇ ಅನುಕೂಲ. ಆ ಅನುಕೂಲವನ್ನು ತ್ಯಜಿಸಿ ಇಕ್ಕಟ್ಟನ್ನೇ ಕಟ್ಟಿದುದರಲ್ಲಿ ಕಥೆಯ ಅರ್ಧ ಸಂಘರ್ಷವು ಮಾತಿನ ನೆರವಿಲ್ಲದೆ ಸಿದ್ಧವಾಗಿದೆ.

ಮರುವರ್ಷವೇ ಬಂದ ‘ಚಾರುಲತಾ’ದ ಮನೆ ಇದಕ್ಕೆ ತೀರ ವಿರುದ್ಧವಾದುದು. ರವೀಂದ್ರನಾಥರ ‘ನಷ್ಟನೀಡ’ ಅದರ ಮೂಲ. ಕಥೆಯ ಕಾಲ ೧೮೭೯ರ ಸುಮಾರು. ಭೂಪತಿಯು ಸಿರಿವಂತ; ಮನೆಯೊಳಗೇ ಮುದ್ರಣಯಂತ್ರವಿಟ್ಟು ಇಂಗ್ಲಿಷ್ ಪತ್ರಿಕೆಯನ್ನು ನಡೆಸುವವನು. ಮನೆ ವಿಶಾಲ, ಪೀಠೋಪಕರಣಗಳು ವಿಲಾಯಿತಿ ಮಾದರಿಯವು, ಗೋಡೆಗಳ ಮೇಲೆ ಹೂಬಳ್ಳಿಯ ವಿನ್ಯಾಸ. ಮನೆಯ ಒಳಭಾಗವೆಲ್ಲ ಸ್ಟುಡಿಯೋದಲ್ಲಿ ಕಟ್ಟಿದ್ದು. ಚಿತ್ರದ ಮೊದಲ ಹಲವು ನಿಮಿಷಗಳು ಚಾರುವಿನ ಒಂದು ಮಧ್ಯಾಹ್ನವನ್ನಷ್ಟೇ ತೋರಿಸುತ್ತವೆ. ಕರವಸ್ತ್ರದ ಮೇಲೆ ಗಂಡನ ಹೆಸರಿನ ಮೊದಲ ಅಕ್ಷರವನ್ನು ಕಸೂತಿ ಹಾಕುತ್ತಾಳೆ, ಎದ್ದು ಪುಸ್ತಕವೊಂದನ್ನು ಆರಿಸುತ್ತಾಳೆ, ಬೀದಿಯಲ್ಲಿ ಸದ್ದು ಕೇಳಿ ಕಿಟಕಿಯ ಅಡ್ಡಪಟ್ಟಿಗಳನ್ನು ಸರಿಸಿ ದುರ್ಬೀನಿನಿಂದ ನೋಡುತ್ತಾಳೆ. ಕೊಡೆ ಹಿಡಿದ ದಪ್ಪ ಮನುಷ್ಯನೊಬ್ಬನು ಬೀದಿಯಲ್ಲಿ ನಡೆದಂತೆಲ್ಲ ಅವಳು ಒಂದು ಕಿಟಕಿಯಿಂದ ಇನ್ನೊಂದಕ್ಕೆ, ಒಂದು ಕೋಣೆಯಿಂದ ಮತ್ತೊಂದಕ್ಕೆ ಓಡುತ್ತಾಳೆ. ಅಷ್ಟರಲ್ಲಿ ಗಂಡನು ಪುಸ್ತಕದಲ್ಲಿ ಮುಖವಿಟ್ಟುಕೊಂಡು ಅವಳನ್ನು ನೋಡದೆಯೇ ಹಾದುಹೋಗುತ್ತಾನೆ. ಅವಳು ದುರ್ಬೀನನ್ನು ಅವನ ಬೆನ್ನಿಗೆ ತಿರುಗಿಸುತ್ತಾಳೆ.

ಈ ಸನ್ನಿವೇಶವನ್ನು ಹೊಗಳದ ವಿಮರ್ಶಕರಿಲ್ಲ. ಮಾಧವಿ ಮುಖರ್ಜಿಯವರ ಅಭಿನಯವನ್ನೂ ರಾಯರ ಸಂಯಮವನ್ನೂ ಹೊಗಳಿದ ಬರಹಗಳು ಬೇಕಾದಷ್ಟಿವೆ. ಆದರೆ ಕಿಟಕಿಗಳ ಸಾಲೇ ಇಲ್ಲದಿದ್ದರೆ ಚಾರುವಿನ ಓಟವಿಲ್ಲ. ಕೋಣೆಯಿಂದ ಕೋಣೆಗೆ ಬಾಗಿಲು ನೇರವಾಗಿ ತೆರೆದಿರದಿದ್ದರೆ ಗಂಡನು ನೋಡದೆ ಹಾದುಹೋಗುವ ದಾರಿಯಿಲ್ಲ. ಇಷ್ಟು ದೊಡ್ಡ ಮನೆಯಲ್ಲಿ ಅವಳು ಇಷ್ಟು ಒಂಟಿಯೆಂಬ ಭಾವಕ್ಕೆ ಆ ವೈಶಾಲ್ಯವೇ ಆಧಾರ. ಹಾಸುಗಂಬಳಿ, ಗಡಿಯಾರ, ಮಂಚ, ವರಾಂಡದ ಕಟಕಟೆ ಯಾವುದೂ ಪ್ರದರ್ಶನಕ್ಕಿಟ್ಟಂತೆ ಕಾಣದು. ಕಾಲವನ್ನು ತೋರಿಸುವ ಚಿತ್ರಗಳಲ್ಲಿ ಸಾಮಾನ್ಯವಾಗಿ ಕಾಣುವ ದೋಷವೇನೆಂದರೆ, ಪ್ರತಿಯೊಂದು ಸಾಮಾನೂ ತನ್ನ ಇಸವಿಯನ್ನು ಕೂಗಿ ಹೇಳುತ್ತಿರುತ್ತದೆ. ೧೮೭೯ರ ಮನೆಯಲ್ಲಿ ೧೮೭೯ರ ಸಾಮಾನು ಮಾತ್ರವೇ ಇರುವುದುಂಟೇ? ಅಜ್ಜನ ಕಾಲದ್ದೂ ಇರಬೇಕು, ಕೊಂಡು ಮರೆತದ್ದೂ ಇರಬೇಕು. ಚಾರುವಿನ ಮನೆಯಲ್ಲಿ ಅವು ಇವೆ. ಆದುದರಿಂದಲೇ ಅದು ಸಂಗ್ರಹಾಲಯವಾಗದೆ ಸಂಸಾರಸ್ಥರ ಮನೆಯಾಗಿ ಉಳಿದಿದೆ.

ಇಲ್ಲೊಂದು ಆಕ್ಷೇಪವು ಏಳುತ್ತದೆ. ಅದನ್ನು ಹಾರಿಸಿ ಮುಂದೆ ಹೋಗುವುದು ಪ್ರಾಮಾಣಿಕವಲ್ಲ. ರಾಯರು ಸ್ವತಃ ಚಿತ್ರಕಾರರು, ಶಾಂತಿನಿಕೇತನದಲ್ಲಿ ಕಲಿತವರು, ಜಾಹೀರಾತು ಸಂಸ್ಥೆಯಲ್ಲಿ ಕಲಾವಿಭಾಗದ ಕೆಲಸ ಮಾಡಿದವರು. ತಮ್ಮ ಚಿತ್ರಗಳ ಕೋಣೆ, ವೇಷ, ಸಾಮಾನುಗಳ ರೇಖಾಚಿತ್ರಗಳನ್ನು ತಾವೇ ಬರೆದುಕೊಳ್ಳುತ್ತಿದ್ದರು. ಹೀಗಿರುವಲ್ಲಿ ಚಂದ್ರಗುಪ್ತರು ಹೇಳಿದ್ದನ್ನು ಕಟ್ಟಿಕೊಡುವ ಮೇಸ್ತ್ರಿಗಿಂತ ಹೆಚ್ಚೇನು ಎಂಬುದೇ ಆ ಆಕ್ಷೇಪ. ರೇಖೆಯಲ್ಲಿ ಕಿಟಕಿಯ ಸ್ಥಾನವಿರುತ್ತದೆ, ಅಳತೆಯಿರುತ್ತದೆ. ಕಿಟಕಿಯ ಕೆಳಗಿನ ಗಾರೆ ಎಷ್ಟು ಮಳೆಗಾಲಗಳನ್ನು ಕಂಡಿದೆಯೆಂಬುದು ರೇಖೆಯಲ್ಲಿರುವುದಿಲ್ಲ. ಸುಣ್ಣದ ಮೇಲೆ ಸುಣ್ಣ ಹೊಡೆದು, ಮೇಲಿನ ಪದರವು ಉದುರಿ ಹಳೆಯ ಬಣ್ಣ ಇಣುಕುವುದನ್ನು ಕಾಗದದ ಮೇಲೆ ಬರೆದು ಕೈಗಿಡಲಾಗದು. ಕವಿಯು ಪದವನ್ನು ಕೊಟ್ಟಾಗ ಗಾಯಕನು ಅದಕ್ಕೆ ಗಮಕವನ್ನು ತುಂಬುವಂತೆ ಇದು. ಗಮಕವಿಲ್ಲದೆಯೂ ಪದವು ಪದವೇ, ಹಾಡಾಗದು. ಚಂದ್ರಗುಪ್ತರು ರಾಯರನ್ನು ಬಿಟ್ಟು ಬೇರೆ ನಿರ್ದೇಶಕರೊಡನೆ ಮಾಡಿದ ಕೆಲಸವೂ ಈ ಆಕ್ಷೇಪಕ್ಕೆ ಉತ್ತರ ಕೊಡುತ್ತದೆ. ಆ ವಿಷಯ ಮುಂದೆ ಬರುವುದು.

೧೯೬೬ರ ‘ನಾಯಕ್’ ಚಿತ್ರವನ್ನು ಇಲ್ಲಿ ಹೆಚ್ಚು ಚರ್ಚಿಸಬೇಕಾಗಿಲ್ಲ. ಕಲಕತ್ತೆಯಿಂದ ದಿಲ್ಲಿಗೆ ಓಡುವ ರೈಲಿನ ಡಬ್ಬಿ, ಊಟದ ಗಾಡಿ, ಓಣಿ ಎಲ್ಲವನ್ನೂ ಸ್ಟುಡಿಯೋದಲ್ಲಿ ನಿಲ್ಲಿಸಿದ ಕೌಶಲ ಮೆಚ್ಚತಕ್ಕದ್ದೇ. ಆದರೆ ರೈಲು ಯಾರ ಮನೆಯೂ ಅಲ್ಲ. ಅದರ ಗೋಡೆಗಳಿಗೆ ನೆನಪಿಲ್ಲ. ಅಲ್ಲಿ ಚಂದ್ರಗುಪ್ತರ ಕೈ ನಿಖರವಾಗಿದೆ, ಆದರೆ ಹೃದಯ ಬಿಡುವಿನಲ್ಲಿದೆ. ನಟನ ಕನಸಿನಲ್ಲಿ ನೋಟುಗಳ ಗುಡ್ಡವೂ ಎಲುಬಿನ ಕೈಗಳೂ ಬರುವ ಸನ್ನಿವೇಶ ಜೇಡದ ಅಣ್ಣನೇ ಸರಿ.

೧೯೭೦ರ ‘ಪ್ರತಿದ್ವಂದ್ವಿ’ಯವರೆಗೆ ರಾಯರೊಡನಿದ್ದು, ಚಂದ್ರಗುಪ್ತರು ಮುಂಬಯಿಗೆ ಹೋದರು. ಹಿಂದೀ ಚಿತ್ರರಂಗದಲ್ಲಿ ಆಗ ಕೋಣೆಯೆಂದರೆ ನೃತ್ಯಕ್ಕೆ ಬೇಕಾದ ಅಂಗಳ, ಮೆಟ್ಟಿಲೆಂದರೆ ನಾಯಕಿ ಇಳಿದುಬರುವ ದಾರಿ. ಸವೆತವನ್ನು ಕಲೆಯೆಂದು ತಿಳಿದಿದ್ದವರಿಗೆ ಹೊಳಪನ್ನೇ ಬೇಡುವ ಊರದು. ಅಲ್ಲಿ ಅವರಿಗೆ ಫಿಲ್ಮ್‌ಫೇರ್ ಪ್ರಶಸ್ತಿ ಮೂರು ಸಲ ದೊರೆಯಿತು: ‘ಸೀಮಾ’, ‘ದೋ ಝೂಠ್’, ‘ಚಕ್ರ’ ಚಿತ್ರಗಳಿಗೆ. ಮೊದಲೆರಡನ್ನು ಇಂದು ನೆನೆಯುವವರು ವಿರಳ. ಬನ್ಸಿ ಚಂದ್ರಗುಪ್ತರ ಹೆಸರನ್ನು ಲೋಕವು ನೆನೆಯುವುದು ಪ್ರಶಸ್ತಿ ಬಂದ ಆ ಎರಡು ಚಿತ್ರಗಳಿಂದಲ್ಲ, ‘ಅಪರಾಜಿತೊ’, ‘ಚಾರುಲತಾ’ಗಳಿಂದ. ಆ ಪ್ರಶಸ್ತಿಯು ಹಿಂದೀ ಚಿತ್ರಗಳಿಗೆ ಮೀಸಲಾದುದರಿಂದ ಕೊಟ್ಟವರ ಮೇಲೆ ದೋಷ ಹೊರಿಸುವಂತಿಲ್ಲವೆಂಬುದು ಸರಿಯೇ. ಆದರೂ ಒಬ್ಬ ಕಲಾವಿದನ ಶ್ರೇಷ್ಠ ಕೃತಿಗೂ ಅವನ ಕೊರಳಿಗೆ ಬಿದ್ದ ಹಾರಕ್ಕೂ ಇಷ್ಟು ದೂರವಿದ್ದುದನ್ನು ಗಮನಿಸದೆ ಬಿಡಲಾಗದು. ಕಾಣದಂತೆ ಮಾಡಿದ ಕೆಲಸ ಯಾರಿಗೂ ಕಾಣಲಿಲ್ಲ. ಕಾಣುವಂತೆ ಮಾಡಿದುದಕ್ಕೆ ಬಹುಮಾನ ಬಂತು.

ರಾಯರು ೧೯೭೭ರಲ್ಲಿ ಪ್ರೇಮಚಂದರ ಕಥೆಯನ್ನು ‘ಶತರಂಜ್ ಕೇ ಖಿಲಾಡಿ’ಯಾಗಿ ಚಿತ್ರಿಸುವಾಗ ಹಳೆಯ ಗೆಳೆಯರಿಬ್ಬರೂ ಮತ್ತೆ ಕೂಡಿದರು. ೧೮೫೬ರ ಲಖನೌ, ವಾಜಿದ್ ಅಲೀ ಷಾಹನ ಕೊನೆಯ ದಿನಗಳು. ಇಲ್ಲಿನ ನವಾಬನ ದರ್ಬಾರಿನಲ್ಲಿ ವೈಭವವಿದೆ, ಆದರೆ ಅದು ತೋರಿಕೆಯ ವೈಭವ. ಬಣ್ಣದ ಚಿತ್ರವಾದುದರಿಂದ ಅದರ ಹೊಳಪು ಮತ್ತಷ್ಟು ಹೆಚ್ಚಿದೆ. ದರ್ಬಾರನ್ನು ಹೀಗೆ ಕಟ್ಟಿದುದು ಉದ್ದೇಶಪೂರ್ವಕವೆಂದರೂ ಸರಿ, ಮಿತಿಯೆಂದರೂ ಸರಿ. ಚಂದ್ರಗುಪ್ತರ ನಿಜವಾದ ಕೈ ಕಾಣುವುದು ಮಿರ್ಜಾನ ಕೋಣೆಯಲ್ಲಿ. ದಿನವೆಲ್ಲ ಅಲ್ಲಿಯೇ ಕುಳಿತು ಒರಗಿ ಚದುರಂಗವಾಡುವ ಇಬ್ಬರು ಸೋಮಾರಿಗಳ ಭಾರವನ್ನು ಹೊತ್ತ ದಿಂಬು ಜಮಖಾನೆಗಳು ಆ ಕೋಣೆಯಲ್ಲಿವೆ. ಬೇಸತ್ತ ಹೆಂಡತಿ ಕಾಯಿಗಳನ್ನು ಅಡಗಿಸಿದಾಗ ಅವರು ತರಕಾರಿಗಳನ್ನೇ ಕಾಯಿಗಳಾಗಿ ಹೂಡಿ ಆಟವನ್ನು ಮುಂದುವರಿಸುತ್ತಾರೆ. ಮನೆಯಲ್ಲಿ ನೆಮ್ಮದಿ ಸಿಗದೆ, ಕೊನೆಗೆ ಊರ ಹೊರಗಿನ ಬಯಲಿನಲ್ಲಿ ಚದುರಂಗವನ್ನು ಹಾಸಿ ಕೂರುತ್ತಾರೆ. ಅತ್ತ ಇಂಗ್ಲಿಷರ ಸೈನ್ಯ ಹಾದುಹೋಗುತ್ತದೆ. ಗೋಡೆಗಳೆಲ್ಲ ಒಂದೊಂದಾಗಿ ಕಳಚಿ, ಆಟಗಾರರ ಸುತ್ತ ಏನೂ ಉಳಿಯದ ಸ್ಥಿತಿಗೆ ಚಿತ್ರವು ಬಂದು ಮುಟ್ಟುತ್ತದೆ. ಕಟ್ಟುವವನಿಗೆ ಎಲ್ಲಿ ಕಟ್ಟಬಾರದೆಂಬುದೂ ತಿಳಿದಿರಬೇಕು.

೧೯೮೧ರಲ್ಲಿ ಹೊರಬಂದ ಮೂರು ಚಿತ್ರಗಳು, ಮೇಲೆ ಹೇಳಿದ ಆಕ್ಷೇಪಕ್ಕೆ ಉತ್ತರವಾಗಬಲ್ಲವು. ಅವುಗಳಲ್ಲಿ ಯಾವುದೂ ರಾಯರದಲ್ಲ. ರವೀಂದ್ರ ಧರ್ಮರಾಜರ ‘ಚಕ್ರ’ ಮುಂಬಯಿಯ ಕೊಳೆಗೇರಿಯ ಬಾಳು. ಮುಜಫ್ಫರ್ ಅಲಿಯವರ ‘ಉಮ್ರಾವ್ ಜಾನ್’ ಲಖನೌವಿನ ಗಣಿಕೆಯ ಬಾಳು. ಅಪರ್ಣಾ ಸೇನರ ‘೩೬ ಚೌರಂಗೀ ಲೇನ್’ ಕಲಕತ್ತೆಯ ಆಂಗ್ಲೋ-ಇಂಡಿಯನ್ ಶಾಲಾಮಾಸ್ತರಿಣಿಯ ಬಾಳು. ತಗಡು, ಝರಿ, ಹಳೆಯ ಬೆತ್ತದ ಕುರ್ಚಿ: ಮೂರು ಬೇರೆ ಲೋಕಗಳು. ಮೂರನೆಯದರಲ್ಲಿ ಜೆನ್ನಿಫರ್ ಕೆಂಡಾಲರ ವಯೊಲೆಟ್ ಸ್ಟೋನ್‌ಹ್ಯಾಮ್ ಎಂಬ ಮುದುಕಿ ತನ್ನ ಬೆಕ್ಕಿನೊಡನೆ ಬಾಳುವ ಬಾಡಿಗೆಮನೆ ಚಾರುವಿನ ಮನೆಯ ಮೊಮ್ಮಗಳಂತಿದೆ. ಸಾಮಾನು ತುಂಬಿದೆ, ಜನರಿಲ್ಲ. ಅಲ್ಲಿ ಎರಡು ಎಳೆಯ ಜೀವಗಳು ತಮ್ಮ ಪ್ರೇಮಕ್ಕೆ ಮರೆಯನ್ನು ಬೇಡಿ ಬಂದಾಗ, ಮುದುಕಿಗೆ ಮನೆ ತುಂಬಿದಂತೆ ತೋರುತ್ತದೆ. ಅವರು ಹೋದಾಗ ಅದೇ ಕುರ್ಚಿ, ಅದೇ ಮೇಜು, ಒಂದನ್ನೂ ಅತ್ತಿತ್ತ ಸರಿಸದಿದ್ದರೂ ಮನೆ ಬರಿದಾಗಿ ಕಾಣುತ್ತದೆ. ‘ಅಪರಾಜಿತೊ’ದ ಅಂಗಳದಿಂದ ಇಲ್ಲಿಗೆ ಇಪ್ಪತ್ತೈದು ವರ್ಷ, ನಿರ್ದೇಶಕರು ಬೇರೆ, ಛಾಯಾಗ್ರಾಹಕರು ಬೇರೆ, ಗೋಡೆಯ ಸ್ವಭಾವ ಮಾತ್ರ ಅದೇ. ಅದೇ ವರ್ಷ ಚಂದ್ರಗುಪ್ತರು ಅಮೆರಿಕದಲ್ಲಿ ತೀರಿಕೊಂಡರು.

ರವೀಂದ್ರರ ‘ಘರೇ ಬಾಯಿರೇ’ಗೆ ರಾಯರು ಚಿತ್ರಕಥೆಯನ್ನು ಬರೆದಿದ್ದುದು ೧೯೪೦ರ ದಶಕದ ಕೊನೆಯಲ್ಲಿ, ಫಿಲ್ಮ್ ಸೊಸೈಟಿಯ ದಿನಗಳಲ್ಲಿ, ಆ ಯತ್ನ ಆಗ ಕೈಗೂಡಲಿಲ್ಲ. ಬೇರೊಂದು ಚಿತ್ರಕಥೆಯಿಂದ ಅದು ಬೆಳ್ಳಿತೆರೆಗೆ ಬಂದುದು ೧೯೮೪ರಲ್ಲಿ. ಅದರಲ್ಲಿ ಬಿಮಲೆಯು ಗಂಡನೊಡನೆ ಅಂತಃಪುರದಿಂದ ಹೊರಗಿನ ದಿವಾನಖಾನೆಗೆ ಮೊದಲ ಬಾರಿಗೆ ನಡೆದುಬರುವ ಓಣಿಯೊಂದಿದೆ. ಬಣ್ಣದ ಗಾಜಿನ ಕಿಟಕಿಗಳ ಮುಂದೆ ಅವರಿಬ್ಬರೂ ನಿಧಾನವಾಗಿ ಹೆಜ್ಜೆಯಿಡುತ್ತಾರೆ. ಚಾರುವಿನ ವರಾಂಡವನ್ನು ಬಲ್ಲವರಿಗೆ ಅದರ ನೆನಪಾಗದೆ ಇರದು. ಆ ಚಿತ್ರದ ಕಲಾನಿರ್ದೇಶಕರು ಅಶೋಕ ಬೋಸರು.